ಒಡೆಟ್ ಹಾಡಿದ ಶ್ರುತಿ

ಪ್ಯಾರಿಸ್ಸಿನ ಅಂಚಿನ ಮೊಂತ್ರೆಯ್ ಪೇಟೆಯಲ್ಲಿ ಬ್ರೆಡ್ಡಿನಂಗಡಿ ನಡೆಸುವ ಮದಾಮ್ ಪ್ಯೂಜೋಲ್‌ಗೆ ಬ್ರೆಡ್ಡಿಗೆ ಕಾಗದ ಸುತ್ತುವಾಗ ಗುನುಗುವ ಅಭ್ಯಾಸ. ಸರದಿಯಲ್ಲಿ ರೆಮಿ ಕಸಾನ್ಯ ಕಂಡನೆಂದರೆ ಆಕೆ ಬೇಕೆಂದೇ ಒಂದು ಹಾಡನ್ನು ತೆಗೆಯುತ್ತಿದ್ದಳು. ಅದರಲ್ಲಿ ಮಾತಿಲ್ಲ, ಬರೀ ಆಲಾಪ.

"ನಿಮ್ಮದೇ ಹಾಡು ಮೊಸ್ಯು ಕಸಾನ್ಯ. ನಿಮ್ಮ ಮರ್ಯಾದೆಗೆ ಅಂತ ಹಾಡ್ತೀನಿ, ನೀವು ನೋಡಿದ್ರೆ ನಿಂಬೆಹಣ್ಣು ಕಚ್ಚಿದೋರ ಥರ ಮುಖ ಮಾಡ್ತೀರಿ."

"ನನ್ನ ಮುಖ ಇರೋದೇ ಹಾಗೆ ಮದಾಮ್."

"ಹಾಗಾದ್ರೆ ಮದುವೆ ಹೇಗಾಯ್ತು?"

"ಆಗ ಗಡ್ಡ ಬಿಟ್ಟಿದ್ದೆ."

ಸರದಿಯಲ್ಲಿದ್ದವರೆಲ್ಲ ನಗುತ್ತಿದ್ದರು. ರೆಮಿ ಬ್ರೆಡ್ಡನ್ನು ಕಂಕುಳಲ್ಲಿಟ್ಟುಕೊಂಡು ಹೊರಬೀಳುತ್ತಿದ್ದ.

ಮುಖ ಕಿವುಚಲು ಕಾರಣವಿತ್ತು. ಆಕೆ ಆ ಹಾಡನ್ನು ಟಿವಿಯಲ್ಲಿ ಕೇಳಿ ಕಲಿತಿದ್ದಳು. ಹಾಡುತ್ತಿದ್ದುದೂ ಟಿವಿಯ ಶ್ರುತಿಯಲ್ಲೇ. ಸಿನಿಮಾ ಮಂದಿರದಲ್ಲಿ ಸೆಕೆಂಡಿಗೆ ಇಪ್ಪತ್ತನಾಲ್ಕು ಫ್ರೇಮುಗಳು ಓಡುತ್ತವೆ, ಟಿವಿಯಲ್ಲಿ ಇಪ್ಪತ್ತೈದು. ಆ ಒಂದು ಫ್ರೇಮಿನ ಅವಸರದಿಂದ ಒಂದೂಮುಕ್ಕಾಲು ಗಂಟೆಯ ಚಿತ್ರ ನಾಲ್ಕು ನಿಮಿಷ ಮೊದಲೇ ಮುಗಿಯುತ್ತದೆ. ಅದರೊಳಗಿನ ಮಾತು, ಹಾಡು, ಬಾಗಿಲ ಸದ್ದು ಎಲ್ಲವೂ ಅರ್ಧ ಸ್ವರಕ್ಕೆ ತುಸು ಕಡಿಮೆಯಷ್ಟು ಮೇಲೇರುತ್ತವೆ. ನೋಡುವವರಿಗೆ ಗೊತ್ತಾಗುವುದಿಲ್ಲ. ಸಿನಿಮಾ ಕಸುಬಿನವರಿಗೆ ಗೊತ್ತು, ಆದರೆ ಅವರು ಅದನ್ನು ಊರಿನ ಹವೆಯಂತೆ ಒಪ್ಪಿಕೊಂಡಿದ್ದರು. ಸಿನಿಮಾ, ಟಿವಿಗೆ ಸಂಗೀತ ಬರೆಯುವ ರೆಮಿಯೂ ತನ್ನ ಬೇರೆಲ್ಲ ಸಂಗೀತದ ವಿಷಯದಲ್ಲಿ ಒಪ್ಪಿಕೊಂಡಿದ್ದ. ಈ ಒಂದು ಹಾಡಿನ ವಿಷಯದಲ್ಲಿ ಮಾತ್ರ ಅದು ಅವನಿಂದ ಆಗಲಿಲ್ಲ. ಅದನ್ನು ಹಾಡಿದವಳು ಅವನ ಹೆಂಡತಿ ಒಡೆಟ್. ಆಮೇಲೆ ಅವಳು ಹಾಡುವುದನ್ನೇ ಬಿಟ್ಟಳು. ಯಾಕೆ ಬಿಟ್ಟಳೆಂದು ಊರಿಗೆ ತಿಳಿಯದು, ಮಗಳಿಗೆ ತಿಳಿಯದು, ಒಡೆಟ್‌ಗೂ ಪೂರ್ತಿ ತಿಳಿದಿರಲಿಲ್ಲ. ರೆಮಿಗೆ ತಿಳಿದಿತ್ತು.

ರೆಮಿ ಹುಟ್ಟಿದ್ದು ಆಜೆನ್ ಪಟ್ಟಣದಲ್ಲಿ, ೧೯೩೭ರಲ್ಲಿ. ತಂದೆ ರೈಲು ನಿಲ್ದಾಣಗಳ ಗಡಿಯಾರ ರಿಪೇರಿ ಮಾಡುವವನು. ಹದಿನೆಂಟಕ್ಕೆ ಪ್ಯಾರಿಸ್ಸಿಗೆ ಬಂದು ಸಂಗೀತಶಾಲೆ ಸೇರಿದ. ಮಧ್ಯಾಹ್ನದ ಹೊತ್ತು ನೃತ್ಯಶಾಲೆಯೊಂದರಲ್ಲಿ ಪಿಯಾನೊ ನುಡಿಸುತ್ತಿದ್ದ. ಟಿವಿಗೆ ಅವನು ಮಾಡಿದ ಮೊದಲ ಕೆಲಸ ಒಂದು ನಿಮಿಷದ ಕೊಳಲಿನ ತುಣುಕು. ಪ್ರಸಾರ ಕೈಕೊಟ್ಟಾಗ, ಅದು ಸರಿಯಾಗುವವರೆಗೂ, ಒಂದು ಸರೋವರದ ಚಿತ್ರ ತೋರಿಸಿ ಆ ತುಣುಕನ್ನು ಮತ್ತೆ ಮತ್ತೆ ಹಾಕುತ್ತಿದ್ದರು. ಹಾಗಾಗಿ ಅವನ ಸಂಗೀತ ಶುರುವಾದ ಕ್ಷಣ ಇಡೀ ದೇಶವೇ ಬೈಯುತ್ತಿತ್ತು. "ನಿನ್ನಷ್ಟು ಜನಪ್ರಿಯನಾದೋನು ಇನ್ನೊಬ್ಬನಿಲ್ಲ ಬಿಡು" ಎಂದು ಗೆಳೆಯರು ಚುಡಾಯಿಸುತ್ತಿದ್ದರು.

ಆಮೇಲೆ ಕೆಲಸ ಸಾಲಾಗಿ ಬಂತು. ಉತ್ತರದ ಗಣಿ ಊರಿನ ಇನ್ಸ್‌ಪೆಕ್ಟರನೊಬ್ಬನ ಧಾರಾವಾಹಿ, ಅರವತ್ತೆರಡು ಕಂತು. ಕೊಕ್ಕರೆಗಳ ಮೇಲೆ, ಉಪ್ಪಿನ ಗದ್ದೆಗಳ ಮೇಲೆ, ಹಳೆಯ ಸೇತುವೆಗಳ ಮೇಲೆ ಸಾಕ್ಷ್ಯಚಿತ್ರಗಳು. ಸಂಕಲನದ ಕೋಣೆಯಿಂದ ಜಿನೆಟ್ ಎಂಬ ಹೆಂಗಸು ಒಂದು ಪಟ್ಟಿ ಬರೆದು ಕಳಿಸುತ್ತಿದ್ದಳು: ಬಾಗಿಲು ಮುಚ್ಚುವುದು ಹದಿನಾಲ್ಕು ಸೆಕೆಂಡು ಆರು ಫ್ರೇಮಿಗೆ, ಆಕೆ ತಿರುಗಿ ನೋಡುವುದು ಇಪ್ಪತ್ತೊಂದಕ್ಕೆ. ಪಟ್ಟಿ ಮಂಗಳವಾರ ಬಂದರೆ ಗುರುವಾರ ಧ್ವನಿಮುದ್ರಣ. ವಾದ್ಯಗಾರರು ಎರಡು ಹಾಡಿನ ನಡುವೆ ಕುದುರೆ ರೇಸಿನ ಪುಟ ಓದುತ್ತ ಕೂರುವವರು. ರೆಮಿ ಕೈ ಎತ್ತಿದೊಡನೆ ಪತ್ರಿಕೆ ಮಡಿಸಿ, ಮೊದಲ ಬಾರಿ ನೋಡಿದ ಪುಟವನ್ನು ತಪ್ಪಿಲ್ಲದೆ ನುಡಿಸುವರು. ರೆಮಿಗೆ ಈ ಬದುಕು ಒಗ್ಗಿತ್ತು. ತಾನು ದೊಡ್ಡ ಕಲಾವಿದನಲ್ಲವೆಂಬುದು ಅವನಿಗೆ ಮೂವತ್ತಕ್ಕೆ ಮೊದಲೇ ತಿಳಿದಿತ್ತು. ಹೇಳಿದ ದಿನ, ಹೇಳಿದಷ್ಟು ಉದ್ದ ಕೊಡುವವನೆಂದು ಹೆಸರಿತ್ತು.

ಒಡೆಟ್ ಸಿಕ್ಕಿದ್ದು ಚೀಸಿನ ಜಾಹೀರಾತೊಂದರ ಧ್ವನಿಮುದ್ರಣದಲ್ಲಿ. ನಾಲ್ವರು ಹೆಂಗಸರು "ಹ್ಮ್" ಎಂದು ಚಪ್ಪರಿಸಬೇಕಿತ್ತು. ಮೂವರು ಹಾಡಿದರು, ನಾಲ್ಕನೆಯವಳು ನಿಜವಾಗಿ ಹಸಿದಿದ್ದಳು. ಅವಳ ಧ್ವನಿ ತಗ್ಗಿನದು, ಮಿರುಗಿಲ್ಲದ್ದು, ಒಗೆದು ಒಗೆದು ಮೆತ್ತಗಾದ ಬಟ್ಟೆಯಂಥದ್ದು. ಪ್ರತಿ ಸಾಲಿಗೂ ಮೊದಲು ಎಳೆದುಕೊಳ್ಳುವ ಉಸಿರು ಸಣ್ಣಗೆ ಕೇಳಿಸುತ್ತಿತ್ತು. ತಂತ್ರಜ್ಞರು ಆ ಉಸಿರನ್ನು ಕತ್ತರಿಸಿ ಹಾಕುತ್ತಿದ್ದರು. ರೆಮಿ ಉಳಿಸಿಕೊಂಡ. ಮರುವರ್ಷ ಮದುವೆ, ೧೯೬೮ರಲ್ಲಿ ಮಗಳು ಸೊಲಾಂಜ್.

೧೯೭೧ರಲ್ಲಿ ಅವನಿಗೆ ಮೊದಲ ದೊಡ್ಡ ಸಿನಿಮಾ ಸಿಕ್ಕಿತು. ಮನೆಯಲ್ಲಿ ಅದನ್ನು ಕಾಲುವೆ ಸಿನಿಮಾ ಎನ್ನುತ್ತಿದ್ದರು. ಕಾಲುವೆಯ ತೂಬು ಕಾಯುವವನ ಮಗಳು ಬಟ್ಟೆ ಒಣಹಾಕುತ್ತ ತನ್ನಷ್ಟಕ್ಕೆ ಹಾಡಿಕೊಳ್ಳುವ ದೃಶ್ಯವೊಂದಿತ್ತು. ಎರಡು ನಿಮಿಷ ನಲವತ್ತು ಸೆಕೆಂಡು. ರೆಮಿ ಅದನ್ನು ಒಡೆಟ್‌ಗಾಗಿಯೇ ಬರೆದ. ಪಿಯಾನೊ ಜೊತೆ ಅವಳಿಂದ ಹಾಡಿಸಿದ ಮಾದರಿ ಟೇಪನ್ನು ನಿರ್ದೇಶಕ ವೆರ್ನಾಜ್ ಸಂಕಲನದ ಕೋಣೆಯಲ್ಲಿ ಎರಡು ಸಲ ಕೇಳಿದ.

"ರೆಮಿ, ನಿನ್ನ ಹೆಂಡ್ತಿ ಧ್ವನಿ ಚೆನ್ನಾಗಿದೆ. ಆದ್ರೆ ತುಂಬಾ ಚಳಿಗಾಲ ಕಂಡಿರೋ ಧ್ವನಿ. ನನ್ನ ಹುಡುಗಿಗೆ ಹದಿನೇಳು. ಬೇರೆ ಯಾರನ್ನಾದ್ರೂ ನೋಡು."

ಫಿಲ್ಮು ಕತ್ತರಿಸುತ್ತಿದ್ದ ಜಿನೆಟ್ ತಲೆಯೆತ್ತದೆ ಹೇಳಿದಳು, "ಹದಿನೇಳರ ಹುಡುಗಿ ಅಂತ ನೀವು ಕರ್ಕೊಂಡು ಬಂದಿರೋ ನಟಿಗೆ ಇಪ್ಪತ್ತಾರು. ಅದಕ್ಕೇನೂ ಅಡ್ಡಿಯಿಲ್ಲ."

"ಅವಳ ಮುಖ ಹದಿನೇಳೇ."

"ದೀಪ ಹಿಡಿದೋನ ಪುಣ್ಯ ಅದು."

ವೆರ್ನಾಜ್ ನಕ್ಕ, ಆದರೆ ಮಾತು ಬದಲಿಸಲಿಲ್ಲ. ಇನ್ನೊಂದು ಸಲ ಹಾಡಿಸಿ ತರುತ್ತೇನೆಂದು ರೆಮಿ ನಾಲ್ಕು ದಿನ ಕೇಳಿಕೊಂಡ. ಮನೆಯಲ್ಲಿ ಒಡೆಟ್ ಆ ಹಾಡನ್ನು ಪಾತ್ರೆ ತೊಳೆಯುವಾಗಲೂ ಹಾಡುತ್ತಿದ್ದಳು. ಹತ್ತು ವರ್ಷ ಗುಂಪಿನಲ್ಲಿ ಹಾಡಿದವಳು, ಪರದೆಯ ಮೇಲೆ ಅವಳ ಹೆಸರು ಒಂದು ಸಲವೂ ಬಂದಿರಲಿಲ್ಲ. ನಿನ್ನನ್ನು ಬೇಡವೆಂದರು ಎಂದು ಅವಳಿಗೆ ಹೇಳಲು ರೆಮಿಗೆ ಬಾಯಿ ಬರಲಿಲ್ಲ.

ದಾರಿ ತೋರಿಸಿದವನು ಧ್ವನಿಮುದ್ರಣದ ಮಾರ್ಟಿಯಾಲ್. ಇಬ್ಬರೂ ಹತ್ತು ವರ್ಷದ ಜೊತೆಗಾರರು.

"ಇದಕ್ಕೆ ಯಾಕಷ್ಟು ತಲೆ ಕೆಡಿಸ್ಕೋತೀಯ ಮಾರಾಯ? ವಾದ್ಯದ ಟೇಪನ್ನ ಅರ್ಧ ಸ್ವರ ಕೆಳಗೆ ಬರೋಷ್ಟು ನಿಧಾನ ಓಡಿಸ್ತೀನಿ. ಅವಳು ಅದ್ರ ಜೊತೆ ಹಾಡ್ಲಿ. ಆಮೇಲೆ ಎರಡನ್ನೂ ಸೇರಿಸಿ ಮೊದ್ಲಿನ ವೇಗಕ್ಕೆ ತರೋದು. ಶ್ರುತಿ ಅರ್ಧ ಸ್ವರ ಮೇಲೆ ಹೋಗುತ್ತೆ, ವಯಸ್ಸು ಹದಿನೈದು ವರ್ಷ ಕೆಳಗೆ ಬರುತ್ತೆ."

"ವೆರ್ನಾಜ್‌ಗೆ ಗೊತ್ತಾಗುತ್ತಾ?"

"ಅವನಿಗೆ ಚಿತ್ರಾನೇ ಸರಿಯಾಗಿ ಕಾಣಲ್ಲ, ಇನ್ನು ಕೇಳೋದೆಲ್ಲಿ ಬಂತು? ಒಡೆಟ್‌ಗೆ ಹೇಳ್ತೀಯಲ್ಲ?"

"ಹೇಳ್ತೀನಿ."

"ಹೇಳೋನಾದ್ರೆ ಮೊದ್ಲೇ ಹೇಳ್ಬಿಡು. ಇಂಥದ್ದು ಹಳಸಿದ್ರೆ ನಾರುತ್ತೆ."

ರೆಮಿ ಹೇಳಲಿಲ್ಲ. ಹೇಳಿದರೆ ಯಾಕೆಂದೂ ಹೇಳಬೇಕಿತ್ತು. ಧ್ವನಿಮುದ್ರಣದ ದಿನ ಅವಳು ಹೆಡ್‌ಫೋನ್ ಹಾಕಿಕೊಂಡು, ವಾದ್ಯ ಅಭ್ಯಾಸಕ್ಕಿಂತ ಕೆಳಗಿದೆಯಲ್ಲ ಎಂದಳು.

"ನಿನಗೆ ಸುಲಭ ಆಗ್ಲಿ ಅಂತ ನಾನೇ ಅರ್ಧ ಸ್ವರ ಇಳಿಸ್ದೆ."

"ಮದುವೆಯಾಗಿ ಏಳು ವರ್ಷಕ್ಕೆ ನನ್ನ ಗಂಟಲಿನ ಮೇಲೆ ಕರುಣೆ ಬಂತಲ್ಲ" ಎಂದು ಅವಳು ಅವನ ಕೆನ್ನೆಗೆ ಮುತ್ತಿಟ್ಟಳು. ಎರಡೇ ಸಲಕ್ಕೆ ಹಾಡಿ ಮುಗಿಸಿದಳು. ಎರಡನೆಯದು ಎಷ್ಟು ಚೆನ್ನಾಗಿತ್ತೆಂದರೆ, ಮಾರ್ಟಿಯಾಲ್ ವೇಗದ ಗುಂಡಿಯ ಮೇಲೆ ಕೈಯಿಟ್ಟವನು ಸ್ವಲ್ಪ ಹೊತ್ತು ತಿರುಗಿಸದೆ ಕುಳಿತಿದ್ದ. ವೇಗ ಏರಿಸಿದ ಹಾಡನ್ನು ವೆರ್ನಾಜ್ ಮರುಮಾತಿಲ್ಲದೆ ಒಪ್ಪಿದ.

ಚಿತ್ರ ಮುಗಿದ ಮೇಲೆ, ಅದನ್ನು ಮಾಡಿದವರಿಗೆಲ್ಲ ಮೊದಲು ತೋರಿಸುವುದು ಈ ಕಸುಬಿನ ಪದ್ಧತಿ. ಒಂದು ಸೋಮವಾರ ಬೆಳಿಗ್ಗೆ ಸಣ್ಣ ಖಾಸಗಿ ಮಂದಿರದಲ್ಲಿ ಎಲ್ಲರೂ ಸೇರಿದರು. ಒಡೆಟ್ ನೀಲಿ ಕೋಟು ತೊಟ್ಟು ರೆಮಿಯ ಪಕ್ಕ ಕುಳಿತಿದ್ದಳು. ಬಟ್ಟೆ ಒಣಹಾಕುವ ದೃಶ್ಯ ಬಂತು. ಅರ್ಧ ನಿಮಿಷವಾದ ಮೇಲೆ ಅವಳು ಅವನ ಕಿವಿಗೆ ಬಾಗಿದಳು.

"ಯಾರು ಈ ಹುಡುಗಿ?"

ನಟಿಯ ಹೆಸರು ಹೇಳಿದ.

"ಅವಳಲ್ಲ. ಹಾಡ್ತಿರೋಳು."

"ನೀನೇ."

ಕೊನೆಯಲ್ಲಿ ಪರದೆಯ ಮೇಲೆ ಅವಳ ಹೆಸರು ಬಂದಾಗ ಹಿಂದಿನ ಸಾಲಿನ ಜಿನೆಟ್ ಅವಳ ಭುಜ ತಟ್ಟಿದಳು. ಒಡೆಟ್ ತಿರುಗಿ ನೋಡಲಿಲ್ಲ. ಆಮೇಲೆ ಎದುರಿನ ಕಾಫಿ ಅಂಗಡಿಯಲ್ಲಿ ಕೈಗವಸು ಬಿಚ್ಚದೆಯೇ ಕೂತು ಹೇಳಿದಳು.

"ಅದು ನಾನಲ್ಲ ರೆಮಿ."

ಹೇಳಬೇಕಾದ ಗಳಿಗೆ ಅದೇ. ರೆಮಿಯ ಬಾಯಿಂದ ಬಂದದ್ದು ಬೇರೆ. "ಯಾರಿಗೂ ತಮ್ಮ ಧ್ವನಿ ಗುರುತು ಸಿಗಲ್ಲ ಒಡೆಟ್. ನಮಗೆ ನಮ್ಮ ಧ್ವನಿ ಗಾಳಿಯಿಂದ ಅಷ್ಟೇ ಅಲ್ಲ, ತಲೆ ಮೂಳೆಯಿಂದಾನೂ ಕೇಳುತ್ತೆ. ಅದಕ್ಕೆ ಒಳಗಿನಿಂದ ದಪ್ಪ, ಹೊರಗಿನಿಂದ ತೆಳು."

"ಹತ್ತು ವರ್ಷದಿಂದ ನನ್ನ ಧ್ವನೀನ ಹೊರಗಿನಿಂದಾನೂ ಕೇಳಿದೀನಿ."

"ಅದು ಸಣ್ಣ ಸ್ಪೀಕರು. ಇದು ಮಂದಿರ."

ಅವನು ಹೇಳಿದ್ದರಲ್ಲಿ ಒಂದೊಂದೂ ನಿಜ, ಪಠ್ಯಪುಸ್ತಕದಲ್ಲಿ ಇರುವಂಥದ್ದು. ನಿಜಗಳನ್ನೇ ಜೋಡಿಸಿ ಕಟ್ಟಿದ ಸುಳ್ಳಾದ್ದರಿಂದ ಅದು ಅಲುಗಲಿಲ್ಲ.

ಸಿನಿಮಾ ಎರಡು ವಾರ ಓಡಿ ನಿಂತಿತು. ಒಡೆಟ್ ಆಮೇಲೆ ನಾಲ್ಕೈದು ಧ್ವನಿಮುದ್ರಣಕ್ಕೆ ಹೋದಳು. ಪ್ರತಿ ಸಲವೂ ತನ್ನ ಭಾಗವನ್ನು ಮತ್ತೆ ಹಾಕಿಸಿ, ಇದು ನಾನೇನಾ ಎಂದು ಪಕ್ಕದವರನ್ನು ಕೇಳುತ್ತಿದ್ದಳಂತೆ. ಶ್ರುತಿ ಹಿಡಿಯುವ ಮೊದಲು ತಡವರಿಸತೊಡಗಿದಳು. ಗುಂಪಿನಲ್ಲಿ ಒಬ್ಬಳು ತಡವರಿಸಿದರೆ ಮೂವರ ಸಮಯ ಹಾಳು. ಆ ವರ್ಷ ಮುಗಿಯುವುದರೊಳಗೆ ಅವಳು ಬಿಟ್ಟುಬಿಟ್ಟಳು. "ಎಲ್ಲಿದೆ ಅಂತಾನೇ ಗೊತ್ತಿಲ್ಲದ ಧ್ವನೀನ ಎಲ್ಲಿ ಅಂತ ಇಡ್ಲಿ?" ಎಂದಳು. ನಗರಸಭೆಯ ಸಂಗೀತಶಾಲೆಯಲ್ಲಿ ಮಕ್ಕಳಿಗೆ ಸ್ವರ ಓದುವುದನ್ನು ಕಲಿಸುವ ಕೆಲಸ ಹಿಡಿದಳು. ಅಲ್ಲಿ ಪಿಯಾನೊ ಒತ್ತಿ ತೋರಿಸುತ್ತಿದ್ದಳೇ ಹೊರತು ಹಾಡಿ ತೋರಿಸುತ್ತಿರಲಿಲ್ಲ. ಪಾತ್ರೆ ತೊಳೆಯುವಾಗ ನಲ್ಲಿಯ ಸದ್ದು ಮಾತ್ರ. ಆಗ ಮೂರು ವರ್ಷದವಳಾಗಿದ್ದ ಸೊಲಾಂಜ್ ತಾಯಿ ಹಾಡಿದ್ದನ್ನು ಕೇಳಿದ ನೆನಪೇ ಇಲ್ಲದೆ ಬೆಳೆದಳು.

ರೆಮಿಗೆ ಹೇಳಲು ಅವಕಾಶ ಇರಲಿಲ್ಲವೆಂದಲ್ಲ. ಅವಳು ಇನ್ನೂ ಎರಡು ಸಲ ನೇರವಾಗಿ ಕೇಳಿದಳು. ಒಮ್ಮೆ ಕಾರಿನಲ್ಲಿ, ಅತ್ತೆಯ ಊರಿನಿಂದ ಬರುವಾಗ. ಇನ್ನೊಮ್ಮೆ ಟಿವಿಯವರು ಆ ಸಿನಿಮಾ ಕೊಂಡು ಮೊದಲ ಸಲ ತೋರಿಸಿದ ಭಾನುವಾರ. ಆ ದಿನ ಧ್ವನಿ ಇನ್ನಷ್ಟು ಎಳೆಯದಾಗಿ, ಹಕ್ಕಿಯಂತೆ ಕೇಳಿತು. "ನಾನು ದಿನೇ ದಿನೇ ಚಿಕ್ಕೋಳಾಗ್ತಿದೀನಿ ನೋಡು" ಎಂದು ಅವಳು ನಕ್ಕು, ನಗು ನಿಲ್ಲಿಸಿ, "ನಿಜ ಹೇಳು, ಬೇರೆ ಯಾರ ಕೈಲಾದ್ರೂ ಹಾಡಿಸಿದ್ರಾ?" ಎಂದಳು. ಇಲ್ಲ, ನೀನೇ ಎಂದ. ಅದೂ ನಿಜವೇ. ಮೊದಲ ತಿಂಗಳು ಹೇಳಿದ್ದರೆ ಒಂದು ಜಗಳದಲ್ಲಿ ಮುಗಿಯುತ್ತಿತ್ತು. ಅವಳು ಕೆಲಸ ಬಿಟ್ಟ ಮೇಲೆ ಹೇಳುವುದೆಂದರೆ, ನೀನು ಬಿಟ್ಟದ್ದು ವ್ಯರ್ಥವಾಗಿ ಎಂದೂ ಹೇಳಿದಂತೆ. ಒಂದೊಂದು ವರ್ಷ ಕಳೆದಂತೆ ಆ ಮಾತಿನ ಭಾರ ಹೆಚ್ಚಿತು, ಎತ್ತುವವನ ಶಕ್ತಿ ಕಡಿಮೆಯಾಯಿತು. ಮಾರ್ಟಿಯಾಲ್ ಸಿಕ್ಕಾಗಲೆಲ್ಲ "ಹೇಳಿದ್ಯಾ?" ಎನ್ನುತ್ತಿದ್ದವನು ಕೊನೆಗೆ ಕೇಳುವುದನ್ನೇ ಬಿಟ್ಟ.

ಟಿವಿಗೆ ಆ ಸಿನಿಮಾ ಯಾಕೋ ಒಗ್ಗಿತು. ವರ್ಷಕ್ಕೊಂದು ಸಲವಾದರೂ ಭಾನುವಾರ ಮಧ್ಯಾಹ್ನ ಹಾಕುತ್ತಿದ್ದರು. ಹಾಡು ಜನರ ಬಾಯಿಗೆ ಬಿತ್ತು. ಅರವತ್ತೆರಡು ಕಂತಿನ ಇನ್ಸ್‌ಪೆಕ್ಟರನನ್ನು ಮರೆತವರು ಈ ಎರಡು ನಿಮಿಷವನ್ನು ಮರೆಯಲಿಲ್ಲ. ರೆಮಿಗೆ ಹೆಸರು ಬಂದದ್ದು ಅದರಿಂದಲೇ.

೧೯೮೧ರ ಚಳಿಗಾಲದಲ್ಲಿ ಒಡೆಟ್ ಆಸ್ಪತ್ರೆ ಸೇರಿದಳು. ಹೊಟ್ಟೆಯೊಳಗಿನ ಗಂಟು, ಕಂಡುಹಿಡಿಯುವಷ್ಟರಲ್ಲಿ ತಡವಾಗಿತ್ತು. ಒಂದು ಭಾನುವಾರ ವಾರ್ಡಿನ ಟಿವಿಯಲ್ಲಿ ಕಾಲುವೆ ಸಿನಿಮಾ ಬಂತು. ನರ್ಸು ಹೆಸರು ನೋಡಿ ಓಡಿಬಂದಳು.

"ಮದಾಮ್, ಇದು ನೀವಾ? ಎಂಥ ಧ್ವನಿ!"

"ನಾನೇ ಅಂತೆ ಕಣಮ್ಮ" ಎಂದಳು ಒಡೆಟ್. "ನನ್ನ ಗಂಡನ ಪ್ರಕಾರ."

ಹಾಸಿಗೆಯ ಕಾಲಬದಿ ನಿಂತಿದ್ದ ರೆಮಿ ಕಿಟಕಿ ಮುಚ್ಚಲು ಹೋದ. ಅದು ಮುಚ್ಚಿಯೇ ಇತ್ತು. ಹನ್ನೆರಡು ದಿನಗಳ ನಂತರ ಅವಳು ತೀರಿಕೊಂಡಳು.

ಆಮೇಲಿನ ವರ್ಷಗಳನ್ನು ಬೇಗ ಹೇಳಿ ಮುಗಿಸಬಹುದು. ಒಬ್ಬನೇ ಕೂತು ಬೆರಳಲ್ಲಿ ಒತ್ತಿ ಇಡೀ ಮೇಳದ ಸದ್ದು ತೆಗೆಯುವ ಯಂತ್ರಗಳು ಬಂದವು. ರೇಸಿನ ಪುಟ ಓದುತ್ತಿದ್ದ ವಾದ್ಯಗಾರರು ಒಬ್ಬೊಬ್ಬರಾಗಿ ಮನೆಗೆ ಹೋದರು. ರೆಮಿಯೂ ಯಂತ್ರ ಕೊಂಡ, ಕಲಿತ, ಅದರಲ್ಲಿ ಅವನ ಕೈ ಓಡಲಿಲ್ಲ. ತೊಂಬತ್ತರ ದಶಕದಲ್ಲಿ ಅವನು ಮಾಡುತ್ತಿದ್ದುದು ದಾಸ್ತಾನು ಸಂಗೀತ: ಯಾವ ಚಿತ್ರಕ್ಕೆಂದು ಗೊತ್ತಿಲ್ಲದೆ, 'ಲಘು ದುಃಖ, ಎರಡು ನಿಮಿಷ', 'ಬೆಳಗಿನ ಸಂತೆ, ಒಂದು ನಿಮಿಷ' ಎಂದು ಹೆಸರಿಟ್ಟು ಮಾಡಿಕೊಡುವುದು. ಒಮ್ಮೆ ಅಡುಗೆ ಕಾರ್ಯಕ್ರಮದಲ್ಲಿ ಮೊಲದ ಮಾಂಸ ಬೇಯುವಾಗ ತನ್ನ ಲಘು ದುಃಖ ಕೇಳಿ ಅವನಿಗೆ ನಗು ಬಂತು. ಮಾರ್ಟಿಯಾಲ್ ೧೯೯೪ರಲ್ಲಿ ಸತ್ತ. ಅಲ್ಲಿಗೆ ಆ ಅರ್ಧ ಸ್ವರದ ಸಂಗತಿ ತಿಳಿದವನು ಭೂಮಿಯ ಮೇಲೆ ಒಬ್ಬನೇ ಉಳಿದ.

ಸೊಲಾಂಜ್ ನಗರಸಭೆಯ ಜನನ-ಮರಣ ವಿಭಾಗದಲ್ಲಿ ಕೆಲಸಕ್ಕಿದ್ದಳು. ಗುರುವಾರಗಳಂದು ತಂದೆಯ ಮನೆಗೆ ಊಟಕ್ಕೆ ಬರುತ್ತಿದ್ದಳು. ಅವನು ಬೇಳೆ ಬೇಯಿಸಿಡುತ್ತಿದ್ದ, ಅವಳು ಉಪ್ಪು ಕಡಿಮೆಯೆಂದು ಬೈಯುತ್ತಿದ್ದಳು. ಅವಳ ಬಳಿ ಟಿವಿಯಿಂದ ಹಿಡಿದಿಟ್ಟ ಕಾಲುವೆ ಸಿನಿಮಾದ ಕ್ಯಾಸೆಟ್ ಇತ್ತು. ತಾಯಿ ಹಾಡಿದ್ದೆಂದು ಅವಳಿಗೆ ಇದ್ದುದು ಅಷ್ಟೇ.

೨೦೦೩ರಲ್ಲಿ ಹಳೆಯ ಚಿತ್ರಗಳನ್ನು ಕಾಪಿಡುವ ಸಂಸ್ಥೆಯಿಂದ ಒಂದು ಕಾಗದ ಬಂತು. ಕಾಲುವೆ ಸಿನಿಮಾದ ಚಿತ್ರದ ಮೂಲ ಸಿಕ್ಕಿದೆ, ತೊಳೆದು ಹೊಸದು ಮಾಡುತ್ತಿದ್ದೇವೆ. ಆದರೆ ಧ್ವನಿಯ ಮೂಲ ಟೇಪುಗಳು ಇಲ್ಲ, ಉಳಿದ ಒಂದೇ ಪ್ರತಿಯಲ್ಲಿ ನಾಲ್ಕನೆಯ ರೀಲಿನ ಧ್ವನಿಪಟ್ಟಿ ಕೊಳೆತುಹೋಗಿದೆ. ಹಾಡು ಇರುವುದು ಅದೇ ರೀಲಿನಲ್ಲಿ. ಟಿವಿಯ ಟೇಪಿನಿಂದ ತೆಗೆದು ಸರಿಪಡಿಸಿದ್ದೇವೆ, ಬಂದು ಕೇಳಿ ಒಪ್ಪಿಗೆ ಕೊಡಬೇಕು. ಸೊಲಾಂಜ್ ಕಾಗದವನ್ನು ಎರಡು ಸಲ ಓದಿದಳು.

"ಅಂದ್ರೆ ನಾನು ಇಷ್ಟು ದಿನ ಕೇಳಿದ್ದು ಸರಿ ಇರ್ಲಿಲ್ವಾ ಅಪ್ಪಾ?"

"ಟಿವೀಲಿ ಸ್ವಲ್ಪ ಮೇಲಿರುತ್ತೆ."

"ಮೂವತ್ತೈದು ವರ್ಷದೋಳಿಗೆ ಈಗ ಹೇಳ್ತಿದೀಯಾ? ಸರಿ, ನಾನೂ ಬರ್ತೀನಿ. ಅಮ್ಮ ನಿಜವಾಗಿ ಹೇಗೆ ಹಾಡ್ತಿದ್ಲು ಅಂತ ಕೇಳ್ಬೇಕು."

ರೆಮಿ ಬೇಡವೆನ್ನಲು ನೆಪ ಹುಡುಕಿದ. ಸಿಗಲಿಲ್ಲ.

ಬುಲೋನ್‌ನ ಧ್ವನಿ ಸರಿಪಡಿಸುವ ಕೋಣೆಯಲ್ಲಿ ಮಧ್ಯಾಹ್ನ ಎರಡಕ್ಕೆ ಅವರನ್ನು ಬರಮಾಡಿಕೊಂಡವಳು ನೊಲ್ವೆನ್ ಎಂಬ ತಂತ್ರಜ್ಞೆ. ಮೂವತ್ತರೊಳಗಿನವಳು, ಕೆಲಸದಲ್ಲಿ ಚುರುಕು. ಮೊದಲು ಟಿವಿಯ ಟೇಪು ಹಾಕಿದಳು. ಸೊಲಾಂಜ್‌ಳ ತುಟಿ ಹಾಡಿನ ಜೊತೆಯೇ ಅಲುಗಿತು. ಎಲ್ಲೆಲ್ಲಿ ಏರುತ್ತದೆ, ಎಲ್ಲಿ ನಿಲ್ಲುತ್ತದೆ ಎಲ್ಲ ಅವಳಿಗೆ ಬಾಯಿಪಾಠ.

"ಇದು ನೂರೈವತ್ಮೂರೂವರೆ ಸೆಕೆಂಡು" ಎಂದಳು ನೊಲ್ವೆನ್. "ಈಗ ನೂರಕ್ಕೆ ನಾಲ್ಕು ನಿಧಾನ ಮಾಡ್ತೀನಿ, ನೂರರವತ್ತಕ್ಕೆ ಬರುತ್ತೆ. ಮಂದಿರದಲ್ಲಿ ಕೇಳಿಸಿದ್ದು ಹೀಗೆ."

ಹಾಡು ಮತ್ತೆ ಶುರುವಾಯಿತು. ಹಕ್ಕಿಯ ಧ್ವನಿ ಹುಡುಗಿಯ ಧ್ವನಿಯಾಯಿತು. ಮೂವತ್ತೆರಡು ವರ್ಷದ ಹಿಂದೆ ಸೋಮವಾರ ಬೆಳಿಗ್ಗೆ ಪಕ್ಕದ ಕುರ್ಚಿಯಿಂದ ಒಡೆಟ್ ಕೇಳಿದ್ದು ಇದನ್ನೇ. ರೆಮಿ ನೆಲ ನೋಡುತ್ತಿದ್ದ. ಮುಗಿದ ಮೇಲೆ ಸೊಲಾಂಜ್ ತಲೆ ಒಂದು ಕಡೆ ಓರೆ ಮಾಡಿ ಕುಳಿತಿದ್ದಳು.

"ಹತ್ತಿರ ಬಂತು" ಎಂದಳು. "ಊಟಕ್ಕೆ ಕರೀತಿದ್ಲಲ್ಲ, ಆ ಧ್ವನಿಗೆ ಹತ್ತಿರ ಬಂತು. ಆದ್ರೆ ಇನ್ನೂ ಅವಳಲ್ಲ. ಅವಳ ಧ್ವನಿ ಇನ್ನೂ ಕೆಳಗಿತ್ತು."

"ಇಪ್ಪತ್ತೆರಡು ವರ್ಷ ಆಗಿದೆಯಲ್ವಾ ಮದಾಮ್" ಎಂದಳು ನೊಲ್ವೆನ್ ಮೆತ್ತಗೆ. "ಧ್ವನಿ ವಿಷಯದಲ್ಲಿ ನೆನಪು ತುಂಬಾ ಮೋಸ ಮಾಡುತ್ತೆ. ಎಲ್ಲರಿಗೂ ಹಾಗೇ. ಲೆಕ್ಕ ಮಾತ್ರ ತಪ್ಪಲ್ಲ, ಇದು ಸರಿಯಾದ ವೇಗ."

"ಇರ್ಬೇಕು" ಎಂದಳು ಸೊಲಾಂಜ್. ಅವಳ ಮುಖದಲ್ಲಿ ಒಂದು ಮಬ್ಬು ಸರಿಯಿತು. "ಹನ್ನೆರಡು ವರ್ಷದೋಳು ನಾನಾಗ. ನಂದೇ ತಪ್ಪಿರ್ಬೇಕು."

ರೆಮಿ ತಲೆಯೆತ್ತಿದ. ನೊಲ್ವೆನ್ ಹೇಳಿದ್ದೂ ಪಠ್ಯಪುಸ್ತಕದ ನಿಜ. ಅದನ್ನು ಕೇಳಿ ಮಗಳು ತನ್ನ ಕಿವಿಯ ಮೇಲಿನ ನಂಬಿಕೆಯನ್ನು ಕೆಳಗಿಡುತ್ತಿದ್ದಳು. ಕೈಗವಸು ಬಿಚ್ಚದ ಒಂದು ಕೈ ಹೀಗೆಯೇ ಕಾಫಿ ಬಟ್ಟಲನ್ನು ಕೆಳಗಿಟ್ಟಿತ್ತು. ಅವನು ಸುಮ್ಮನಿದ್ದರೆ ಸಾಕಿತ್ತು. ಸಹಿ ಹಾಕಿ, ಎರಡು ಮೆಟ್ರೊ ಬದಲಿಸಿ ಮನೆ ಸೇರಬಹುದಿತ್ತು.

"ನಿನ್ನ ನೆನಪು ಸರಿಯಾಗಿದೆ" ಎಂದ. "ಇನ್ನೂ ಇಳಿಸ್ಬೇಕು ಮದ್ಮ್ವಾಸೆಲ್. ಸರಿಯಾಗಿ ಅರ್ಧ ಸ್ವರ. ನೂರಕ್ಕೆ ಐದೂವರೆ ಚಿಲ್ಲರೆ."

ನೊಲ್ವೆನ್ ಅವನನ್ನು ನೋಡಿದಳು. "ಅದಕ್ಕೆ ಲೆಕ್ಕ ಇಲ್ಲವಲ್ಲ ಮೊಸ್ಯು?"

"ಇದೆ. ಹಾಕಿ."

ಹಾಕಿದಳು. ತಂತಿವಾದ್ಯಗಳು ಭಾರವಾಗಿ, ಕೆಸರಲ್ಲಿ ಕಾಲಿಟ್ಟಂತೆ ಎದ್ದವು. ಅವುಗಳ ನಡುವೆ ಒಂದು ಉಸಿರು ಕೇಳಿಸಿತು. ಆಮೇಲೆ ಒಡೆಟ್ ಹಾಡಿದಳು. ಮೂವತ್ತನಾಲ್ಕು ವರ್ಷದ, ಮಗುವಿದ್ದ, ಆ ದಿನ ಬೆಳಿಗ್ಗೆ ನೆಗಡಿಯೆಂದು ಜೇನುನೀರು ಕುಡಿದು ಬಂದಿದ್ದ ಹೆಂಗಸು. ನೂರ ಅರವತ್ತೊಂಬತ್ತೂವರೆ ಸೆಕೆಂಡು ಯಾರೂ ಅಲುಗಲಿಲ್ಲ.

ಹಾಡು ಮುಗಿದ ಮೇಲೆ ರೆಮಿ ಹೇಳಿದ. ವೆರ್ನಾಜ್ ಹೇಳಿದ್ದು, ಮಾರ್ಟಿಯಾಲ್‌ನ ಗುಂಡಿ, ಸೋಮವಾರದ ಮಂದಿರ, ಕಾಫಿ ಅಂಗಡಿ. ಕ್ರಮವಾಗಿ, ಏನನ್ನೂ ಬಿಡದೆ. ತನ್ನ ಪರವಾಗಿ ಒಂದು ಮಾತೂ ಸೇರಿಸಲಿಲ್ಲ; ಸೇರಿಸಲು ಇತ್ತು, ಆದರೆ ಅದು ಈಗ ಮಾತಾಡುವ ಸಂಗತಿಯಲ್ಲವೆಂದು ಅವನಿಗೆ ಗೊತ್ತಿತ್ತು.

"ಅವಳು ಕೇಳಿದ್ಲಾ?"

"ಮೂರು ಸಲ."

"ನೀನೇನಂದೆ?"

"ನೀನೇ ಅಂದೆ."

"ಆಸ್ಪತ್ರೇಲೂ?"

"ಆಸ್ಪತ್ರೇಲಿ ಅವಳು ಕೇಳಲಿಲ್ಲ."

ನೊಲ್ವೆನ್ ಪಟ್ಟಿಯ ಮೇಲೆ ಏನೋ ಬರೆಯುವಂತೆ ನಟಿಸುತ್ತಿದ್ದಳು. ಕೊನೆಗೆ ಆಕೆಯೇ, "ಚಿತ್ರಕ್ಕೆ ಇದನ್ನ ಹಾಕಕ್ಕಾಗಲ್ಲ ಮೊಸ್ಯು. ಆಗ ಬಿಡುಗಡೆಯಾದದ್ದು ಹೇಗಿತ್ತೋ ಹಾಗೇ ಕೊಡ್ಬೇಕು" ಎಂದಳು.

"ಗೊತ್ತು. ಚಿತ್ರಕ್ಕೆ ನೂರರವತ್ತರದ್ದೇ ಇರ್ಲಿ" ಎಂದು ರೆಮಿ ಒಪ್ಪಿಗೆಯ ಕಾಗದಕ್ಕೆ ಸಹಿ ಹಾಕಿದ.

"ಇನ್ನೊಂದ್ಸಲ ಹಾಕ್ತೀರಾ?" ಎಂದು ಸೊಲಾಂಜ್ ನೊಲ್ವೆನ್‌ಗೆ ಹೇಳಿದಳು. ಆಮೇಲೆ ತಂದೆಯ ಕಡೆ ತಿರುಗದೆಯೇ, "ಅಪ್ಪಾ, ನೀನು ಹೊರಗಿರು" ಎಂದಳು.

ಅವನು ಹೊರಗೆ ಬಂದು ಬೆಂಚಿನ ಮೇಲೆ ಕುಳಿತ. ಬಾಗಿಲು ಒಂದು ಗೇಣು ದಪ್ಪ. ನಲವತ್ತು ವರ್ಷ ಅವನು ಇಂಥ ಬಾಗಿಲುಗಳ ಒಳಬದಿಯಲ್ಲಿ ಕೆಲಸ ಮಾಡಿದ್ದ. ಸದ್ದು ಹೊರಗೆ ಹೋಗದಂತೆ ಎಷ್ಟು ಚೆನ್ನಾಗಿ ತಡೆಯುತ್ತವೆಂದು ಈಗ ಗೊತ್ತಾಯಿತು. ಕಿವಿಯಿಟ್ಟರೂ ಏನೂ ಇಲ್ಲ. ಎದುರು ಗೋಡೆಯ ಮೇಲೆ ಬೆಂಕಿ ಬಿದ್ದರೆ ಏನು ಮಾಡಬೇಕೆಂಬ ಸೂಚನೆ ಅಂಟಿಸಿದ್ದರು. ಅದನ್ನು ಪೂರ್ತಿ ಓದಿದ. ಮೂರು ನಿಮಿಷ ಕಳೆಯಿತು, ಬಾಗಿಲು ತೆರೆಯಲಿಲ್ಲ. ಆರು ಕಳೆಯಿತು. ಒಂಬತ್ತು ಆಗುವ ಹೊತ್ತಿಗೆ ಸೊಲಾಂಜ್ ಹೊರಗೆ ಬಂದಳು. ಕೋಟು ತೊಟ್ಟಿದ್ದಳು, ಗುಂಡಿ ಒಂದು ತಪ್ಪಿ ಹಾಕಿಕೊಂಡಿದ್ದಳು. ಕೈಯಲ್ಲಿ ಒಂದು ತೆಳು ಡಿಸ್ಕು.

"ಉಸಿರು ತಗೊಳ್ಳೋದು ಕೇಳಿಸುತ್ತೆ" ಎಂದಳು.

"ಹೌದು."

"ನಾನು ಮೆಟ್ರೊಗೆ ಹೋಗ್ತೀನಿ. ನೀನು ಬಸ್ಸಿಗೆ ಹೋಗು. ಈ ಗುರುವಾರ ಬರಲ್ಲ."

"ಮುಂದಿನ ವಾರ?"

"ಗೊತ್ತಿಲ್ಲ."

ಅವಳು ಮೆಟ್ಟಿಲಿಳಿದು ಹೋದಳು. ಕೆಳಗೆ ಬೀದಿಯ ಬಾಗಿಲು ಮುಚ್ಚಿದ ಸದ್ದಾಯಿತು. ನೊಲ್ವೆನ್ ಬಂದು ಬಾಗಿಲಿಗೆ ಒರಗಿ ನಿಂತಳು.

"ಒಳಗೆ ಬನ್ನಿ ಮೊಸ್ಯು. ನಿಮಗೂ ಒಂದ್ಸಲ ಹಾಕ್ತೀನಿ. ಬೇಕಾದ್ರೆ ಒಂದು ಪ್ರತಿ ಮಾಡ್ಕೊಡ್ತೀನಿ, ಐದು ನಿಮಿಷದ ಕೆಲಸ."

ರೆಮಿ ಎದ್ದು ನಿಂತ. ತೆರೆದ ಬಾಗಿಲಿನಾಚೆ ಖಾಲಿ ಕುರ್ಚಿಗಳು ಕಾಣುತ್ತಿದ್ದವು.

"ಮಗಳನ್ನ ಕೇಳ್ದೆ ಬೇಡ" ಎಂದ. ಟೋಪಿ ಹಾಕಿಕೊಂಡು, ಕೈಕಂಬಿ ಹಿಡಿದು, ಒಂದೊಂದೇ ಮೆಟ್ಟಿಲು ಇಳಿಯತೊಡಗಿದ.